ಸರಪಣಿಯಿಲ್ಲದ ಮನೆ

ಒಳ್ಳೆಯ ಮಾತು ಕಾಲಕ್ರಮದಲ್ಲಿ ಹೇಗೆ ಕೆಡುತ್ತದೆ ಎಂಬುದಕ್ಕೆ ಹುಚ್ಚಾಸ್ಪತ್ರೆಗಳ ಹೆಸರುಗಳಿಗಿಂತ ಬೇರೆ ನಿದರ್ಶನ ಬೇಡ. ಲಂಡನ್ನಿನಲ್ಲಿ 1247ರಲ್ಲಿ ಒಂದು ಧರ್ಮಸಂಸ್ಥೆ ಹುಟ್ಟಿತು. ಏಸುಕ್ರಿಸ್ತನ ಜನ್ಮಸ್ಥಳವಾದ ಬೆತ್ಲೆಹೆಮ್ಮಿನ ಹೆಸರನ್ನು ಅದಕ್ಕಿಟ್ಟರು. ಮುಂದೆ ಅದು ಬುದ್ಧಿವಿಕಲರನ್ನು ಇರಿಸುವ ಆಸ್ಪತ್ರೆಯಾಯಿತು. ಜನರ ಬಾಯಲ್ಲಿ ಹೆಸರು ಸವೆದು ‘ಬೆಡ್‌ಲಮ್’ ಎಂದಾಯಿತು. ಕಡೆಗೆ ಆ ಮಾತು ಇಂಗ್ಲಿಷ್ ಭಾಷೆಯಲ್ಲಿ ಗದ್ದಲ, ಗೊಂದಲ ಎಂಬರ್ಥದ ಸಾಮಾನ್ಯ ಪದವಾಗಿ ನಿಂತುಬಿಟ್ಟಿತು. ನಮ್ಮಲ್ಲಿಯೂ ಇದೇ ಕಥೆ. ಒಬ್ಬನು ಸ್ವಲ್ಪ ವಿಚಿತ್ರವಾಗಿ ಮಾತನಾಡಿದರೆ ಸಾಕು, ‘ಇವನನ್ನು ನಿಮ್ಹಾನ್ಸ್‌ಗೆ ಕಳುಹಿಸಬೇಕು’ ಎಂದು ಹಾಸ್ಯ ಮಾಡುತ್ತೇವೆ. ಸಾವಿರಾರು ಸಂಸಾರಗಳ ಕಣ್ಣೀರನ್ನು ಒರೆಸಿರುವ ಒಂದು ಸಂಸ್ಥೆಯ ಹೆಸರು ಹೀಗೆ ಬೈಗುಳಕ್ಕೆ ಸಮೀಪವಾದದ್ದು ಆ ಸಂಸ್ಥೆಯ ದೋಷವಲ್ಲ. ಹುಚ್ಚೆಂದರೆ ನಮಗಿರುವ ಭಯವೇ ಹೆಸರುಗಳನ್ನು ಹೀಗೆ ಕೆಡಿಸುತ್ತದೆ.

ನಾನು ವೈದ್ಯನಲ್ಲ. ಮೂವತ್ತು ವರ್ಷಕ್ಕೂ ಮೇಲ್ಪಟ್ಟು ಕನ್ನಡ ಪಾಠ ಹೇಳಿ ನಿವೃತ್ತನಾದವನು. ಆದುದರಿಂದ ಮಾತಿನ ಬಾಗಿಲಿನಿಂದಲೇ ಈ ವಿಷಯದೊಳಕ್ಕೆ ಪ್ರವೇಶಿಸುತ್ತೇನೆ. ಹುಚ್ಚನೆಂಬ ಒರಟು ಮಾತನ್ನು ಬಿಟ್ಟು ಮರ್ಯಾದೆಯಾಗಿ ಹೇಳಬೇಕಾದಾಗ ನಮ್ಮ ಹಿರಿಯರು ‘ಆತನಿಗೆ ಬುದ್ಧಿ ಸ್ವಾಧೀನದಲ್ಲಿಲ್ಲ’ ಎನ್ನುತ್ತಿದ್ದರು. ಸ್ವಾಧೀನವೆಂದರೆ ತನ್ನ ಅಧೀನ. ತನ್ನದೇ ಬುದ್ಧಿ ತನ್ನ ಕೈತಪ್ಪಿ ಹೋಗಿದೆ ಎಂಬುದು ಇದರ ಭಾವ. ಇಲ್ಲಿಂದ ಒಂದು ಪ್ರಶ್ನೆ ಏಳುತ್ತದೆ. ಕೈತಪ್ಪಿದ್ದು ಪೂರ್ತಿಯಾಗಿ ತಪ್ಪಿದೆಯೆ, ಇಲ್ಲವೆ ಸ್ವಲ್ಪವಾದರೂ ಉಳಿದಿದೆಯೆ? ಏನೂ ಉಳಿದಿಲ್ಲವೆಂದುಕೊಂಡರೆ ಸರಪಣಿಯೊಂದೇ ಗತಿ. ಸ್ವಲ್ಪ ಉಳಿದಿದೆಯೆಂದು ನಂಬಿದರೆ ಆ ಉಳಿಕೆಯನ್ನು ಬೆಳೆಸುವ ದಾರಿ ಯಾವುದೆಂದು ಹುಡುಕಬೇಕಾಗುತ್ತದೆ. ಇನ್ನೂರು ವರ್ಷಕ್ಕೂ ಹಿಂದೆ ಇಂಗ್ಲೆಂಡಿನ ಯಾರ್ಕ್ ನಗರದ ಹೊರವಲಯದಲ್ಲಿ ಕೆಲವರು ಎರಡನೆಯ ನಂಬಿಕೆಯ ಮೇಲೆ ಒಂದು ಮನೆಯನ್ನು ಕಟ್ಟಿದರು. ‘ರಿಟ್ರೀಟ್’ ಎಂದು ಅದರ ಹೆಸರು. ಆ ಮನೆಯೊಳಗೆ ದಿನಗಳು ಹೇಗೆ ಕಳೆಯುತ್ತಿದ್ದುವೆಂಬುದನ್ನು ಹೇಳುವುದೇ ಈ ಭಾಷಣದ ಉದ್ದೇಶ.

ಮೊದಲು ಆ ಕಾಲದ ಸ್ಥಿತಿಯನ್ನು ಸ್ವಲ್ಪ ನೋಡೋಣ. ಹದಿನೆಂಟನೆಯ ಶತಮಾನದ ಯೂರೋಪಿನಲ್ಲಿ ವಿವೇಕಕ್ಕೆ ಬಹು ದೊಡ್ಡ ಸ್ಥಾನವಿತ್ತು. ಮನುಷ್ಯನನ್ನು ಪಶುವಿನಿಂದ ಬೇರ್ಪಡಿಸುವುದು ವಿವೇಕ ಎಂಬ ಸಿದ್ಧಾಂತ ಬಲವಾಗಿದ್ದಷ್ಟೂ ವಿವೇಕವನ್ನು ಕಳೆದುಕೊಂಡವನು ಪಶುವಿನ ಸಾಲಿಗೆ ಸೇರುತ್ತಿದ್ದ. ಅವನಿಗೆ ಚಳಿ ತಾಗುವುದಿಲ್ಲ, ಹಸಿವು ತಿಳಿಯುವುದಿಲ್ಲ ಎಂದು ವಿದ್ಯಾವಂತರೂ ನಂಬಿದ್ದರು. ಚಿಕಿತ್ಸೆಯೆಂದರೆ ರಕ್ತ ತೆಗೆಯುವುದು, ವಾಂತಿ ಭೇದಿ ಮಾಡಿಸುವುದು, ಚರ್ಮದ ಮೇಲೆ ಬೊಬ್ಬೆಯೆಬ್ಬಿಸುವುದು, ತಣ್ಣೀರಿನಲ್ಲಿ ಮುಳುಗಿಸುವುದು. ಬೆತ್ಲೆಮ್ ಆಸ್ಪತ್ರೆಗೆ ಜನ ರಜಾದಿನಗಳಲ್ಲಿ ಮೃಗಾಲಯಕ್ಕೆ ಹೋಗುವಂತೆ ಹೋಗಿ ರೋಗಿಗಳನ್ನು ನೋಡಿ ನಕ್ಕು ಬರುತ್ತಿದ್ದರು. ಅದಕ್ಕೆ ತಡೆ ಬಿದ್ದದ್ದು 1770ರಲ್ಲಿ. 1788ರಲ್ಲಿ ದೊರೆ ಮೂರನೆಯ ಜಾರ್ಜನಿಗೇ ಬುದ್ಧಿಭ್ರಮಣೆಯಾದಾಗ ಅವನನ್ನೂ ಬಿಗಿಯಂಗಿ ತೊಡಿಸಿ, ಕುರ್ಚಿಗೆ ಕಟ್ಟಿ ಕೂಡಿಸಿದರು. ದೊರೆಯ ಪಾಡೇ ಹೀಗಾದರೆ ಬಡವನ ಪಾಡನ್ನು ಹೇಳಬೇಕಾಗಿಲ್ಲ.

ಯಾರ್ಕ್ ನಗರದಲ್ಲಿ ಆಗಲೇ ಒಂದು ಹುಚ್ಚಾಸ್ಪತ್ರೆಯಿತ್ತು. 1777ರಲ್ಲಿ ದಾನಿಗಳ ಹಣದಿಂದ ತೆರೆದದ್ದು. ಹೊರಗಿನಿಂದ ನೋಡಿದರೆ ಭವ್ಯವಾದ ಕಟ್ಟಡ. 1790ರ ಮಾರ್ಚಿಯಲ್ಲಿ ಲೀಡ್ಸ್ ಪಟ್ಟಣದ ಹ್ಯಾನಾ ಮಿಲ್ಸ್ ಎಂಬ ವಿಧವೆಯನ್ನು ಅಲ್ಲಿಗೆ ಸೇರಿಸಿದರು. ಆಕೆ ಕ್ವೇಕರ್ ಪಂಥಕ್ಕೆ ಸೇರಿದವಳು. ಬಂಧುಗಳು ದೂರದಲ್ಲಿದ್ದುದರಿಂದ ಯಾರ್ಕಿನಲ್ಲಿದ್ದ ಅದೇ ಪಂಥದ ಕೆಲವರಿಗೆ, ಆಕೆಯನ್ನು ಆಗಾಗ ಹೋಗಿ ನೋಡಿಕೊಂಡು ಬನ್ನಿ ಎಂದು ಹೇಳಿಕಳುಹಿಸಿದ್ದರು. ಹೋದವರನ್ನು ಆಸ್ಪತ್ರೆಯವರು ಒಳಕ್ಕೆ ಬಿಡಲಿಲ್ಲ. ರೋಗಿಯನ್ನು ಈಗ ನೋಡುವಂತಿಲ್ಲ ಎಂದು ಬಾಗಿಲಲ್ಲೇ ಹಿಂದಿರುಗಿಸಿದರು. ಏಪ್ರಿಲ್ ಮುಗಿಯುವ ಮುನ್ನವೇ ಹ್ಯಾನಾ ತೀರಿಕೊಂಡಳು. ಒಳಗೆ ಏನು ನಡೆಯಿತೆಂಬುದು ಹೊರಗಿದ್ದವರಾರಿಗೂ ತಿಳಿಯಲಿಲ್ಲ. ಆ ಮುಚ್ಚಿದ ಬಾಗಿಲು ಕ್ವೇಕರರ ಮನಸ್ಸನ್ನು ಬಹುಕಾಲ ಕಾಡಿತು.

ಕ್ವೇಕರ್ ಪಂಥದವರು ತಮ್ಮನ್ನು ‘ಸ್ನೇಹಿತರು’ ಎಂದು ಕರೆದುಕೊಳ್ಳುತ್ತಾರೆ. ಅವರಲ್ಲಿ ಪುರೋಹಿತರಿಲ್ಲ, ಆಡಂಬರವಿಲ್ಲ. ಮೌನವಾಗಿ ಕುಳಿತು ಪ್ರಾರ್ಥಿಸುವುದು ಅವರ ಪದ್ಧತಿ. ಪ್ರತಿಯೊಬ್ಬ ಮನುಷ್ಯನ ಅಂತರಂಗದಲ್ಲಿಯೂ ದೇವರ ಬೆಳಕು ಇದೆ ಎಂಬುದು ಅವರ ಮೂಲಭೂತವಾದ ನಂಬಿಕೆ. ಈ ನಂಬಿಕೆಯನ್ನು ಪ್ರಾಮಾಣಿಕವಾಗಿ ಹಿಡಿದವನು ಹುಚ್ಚನೊಬ್ಬನನ್ನು ಮಾತ್ರ ಅದರಿಂದ ಹೊರಗಿಡುವುದು ಸಾಧ್ಯವಿಲ್ಲ. ಯಾರ್ಕಿನ ಕ್ವೇಕರರಲ್ಲಿ ವಿಲಿಯಂ ಟ್ಯೂಕ್ ಎಂಬ ವರ್ತಕನಿದ್ದ. ಹುಟ್ಟಿದ್ದು 1732ರಲ್ಲಿ, ಚಹ ಕಾಫಿಗಳ ವ್ಯಾಪಾರ. ವೈದ್ಯ ವಿದ್ಯೆಯ ಗಂಧವಿಲ್ಲ. ತಮ್ಮ ಜನಕ್ಕಾಗಿ, ಮುಚ್ಚುಮರೆಯಿಲ್ಲದ ಒಂದು ಚಿಕಿತ್ಸಾಲಯವನ್ನು ತಾವೇ ಏಕೆ ನಡೆಸಬಾರದು ಎಂದು 1792ರಲ್ಲಿ ಪಂಥದ ಸಭೆಯ ಮುಂದೆ ಆತ ಸೂಚಿಸಿದ. ಮೊದಲು ಹಲವರಿಗೆ ಅದು ಹಿಡಿಸಲಿಲ್ಲ. ತಮ್ಮಲ್ಲಿ ಹುಚ್ಚು ಹಿಡಿದವರು ಎಷ್ಟು ಮಂದಿ ಇದ್ದಾರು, ಇಷ್ಟು ಖರ್ಚು ಏಕೆ ಎಂದು ಕೇಳಿದರು. ಟ್ಯೂಕ್ ಹಟ ಬಿಡಲಿಲ್ಲ. ಚಂದಾ ಎತ್ತಿ, ನಗರದಿಂದ ಸ್ವಲ್ಪ ದೂರದಲ್ಲಿ ಎತ್ತರದ ನೆಲವನ್ನು ಕೊಂಡು, ಸುಮಾರು ಮೂವತ್ತು ಮಂದಿಗೆ ಸಾಕಾಗುವ ಮನೆ ಕಟ್ಟಿಸಿ 1796ರಲ್ಲಿ ತೆರೆದ.

ಹೆಸರಿನ ವಿಚಾರ ಬಂದಾಗ ಅದನ್ನು ಸೂಚಿಸಿದವಳು ಟ್ಯೂಕನ ಸೊಸೆ. ಆಸ್ಪತ್ರೆ ಎನ್ನುವುದು ಬೇಡ, ಹುಚ್ಚರ ಆಶ್ರಯ ಎನ್ನುವುದೂ ಬೇಡ, ‘ರಿಟ್ರೀಟ್’ ಎನ್ನೋಣ ಎಂದು ತೀರ್ಮಾನವಾಯಿತು. ದಣಿದವನು ಹಿಂದೆ ಸರಿದು ವಿಶ್ರಮಿಸಿಕೊಳ್ಳುವ ತಾಣ ಎಂದು ಅದರ ಅರ್ಥ. ಚಂಡಮಾರುತಕ್ಕೆ ಸಿಕ್ಕಿ ಜರ್ಝರಿತವಾದ ಹಡಗು ಬಂದು ಸೇರುವ ಬಂದರು ಎಂಬ ಭಾವ ಅವರ ಮನಸ್ಸಿನಲ್ಲಿತ್ತು. ರೋಗಿಯನ್ನು ಕರೆತರುವ ಮನೆಯವರಿಗೆ ಬಾಗಿಲ ಮೇಲಿನ ಹೆಸರೇ ಮೊದಲ ಸಮಾಧಾನವನ್ನು ಹೇಳಬೇಕೆಂಬ ಸೂಕ್ಷ್ಮ ಅದರಲ್ಲಿದೆ.

ಕಟ್ಟಡದಲ್ಲಿಯೂ ಇದೇ ಸೂಕ್ಷ್ಮ ಕಾಣುತ್ತದೆ. ರೋಗಿ ಕಿಟಕಿಯಿಂದ ಹಾರದಂತೆ ಕಬ್ಬಿಣ ಬೇಕೇ ಬೇಕು. ಆದರೆ ಸರಳು ಕಂಡೊಡನೆ ಸೆರೆಮನೆಯ ನೆನಪಾಗುತ್ತದೆ. ಅದಕ್ಕಾಗಿ ಕಿಟಕಿಯ ಚೌಕಟ್ಟನ್ನೇ ಕಬ್ಬಿಣದಿಂದ ಮಾಡಿಸಿ, ಮರದ ಚೌಕಟ್ಟಿನಂತೆ ತೋರುವ ಹಾಗೆ ಅದರ ಸಣ್ಣ ಸಣ್ಣ ಅಂಕಣಗಳಲ್ಲಿ ಗಾಜು ಕೂರಿಸಿದರು. ನೋಡುವವನಿಗೆ ಅದು ಸಾಮಾನ್ಯವಾದ ಮನೆಯ ಕಿಟಕಿ. ಬಾಗಿಲಿನ ಅಗುಳಿಗಳಿಗೆ ತೊಗಲು ಹೊದಿಸಿದ್ದರು. ರಾತ್ರಿ ಅಗುಳಿ ಹಾಕುವಾಗ ಕಬ್ಬಿಣದ ಸದ್ದು ಒಳಗಿರುವವನ ಕಿವಿಗೆ ಬೀಳಬಾರದು. ಬಂಧನವಿಲ್ಲವೆಂದಲ್ಲ, ಬಂಧನವಿದೆ. ಆದರೆ ಅದರ ಸದ್ದು ಮನುಷ್ಯನನ್ನು ಎಷ್ಟು ಅವಮಾನಿಸುತ್ತದೆ ಎಂಬುದನ್ನು ಅವರು ಯೋಚಿಸಿದ್ದರು. ಈ ಕಿಟಕಿಯ ಬಗ್ಗೆ ಇನ್ನೊಂದು ಮಾತನ್ನು ಮುಂದೆ ಹೇಳುತ್ತೇನೆ.

ಮನೆಯನ್ನು ನಡೆಸಿದವರು ಇಬ್ಬರು. ಜಾರ್ಜ್ ಜೆಪ್ಸನ್ 1797ರಲ್ಲಿ ಮೇಲ್ವಿಚಾರಕನಾಗಿ ಬಂದ. ವೈದ್ಯಶಾಲೆಯಲ್ಲಿ ಓದಿದವನಲ್ಲ, ತಾನಾಗಿ ಒಂದಿಷ್ಟು ಔಷಧಿ ವಿದ್ಯೆ ಕಲಿತವನು. ಹೆಂಗಸರ ವಿಭಾಗವನ್ನು ಕ್ಯಾಥರೀನ್ ಆಲನ್ ನೋಡಿಕೊಳ್ಳುತ್ತಿದ್ದಳು. 1806ರಲ್ಲಿ ಇಬ್ಬರೂ ಮದುವೆಯಾದರು. 1823ರ ತನಕ ಅಲ್ಲಿಯೇ ಇದ್ದರು. ಹೀಗೆ ಆ ಸಂಸ್ಥೆಗೆ ಒಂದು ಸಂಸಾರದ ರೂಪ ತಾನಾಗಿಯೇ ಬಂದಿತು. ಮೊದಲ ವೈದ್ಯನಾಗಿ ಆಗಾಗ ಬಂದು ಹೋಗುತ್ತಿದ್ದವನು ಥಾಮಸ್ ಫೌಲರ್. ಸೋಮಲದ ದ್ರಾವಣವೊಂದನ್ನು ಬಳಕೆಗೆ ತಂದು ಹೆಸರಾಗಿದ್ದವನು. ಅವನು ಆ ಕಾಲದ ಔಷಧೋಪಚಾರಗಳನ್ನೆಲ್ಲ ಇಲ್ಲಿ ಒಂದೊಂದಾಗಿ ಪ್ರಯೋಗಿಸಿ ನೋಡಿದ. ಇವುಗಳಿಂದ ಹೆಚ್ಚಿನ ಪ್ರಯೋಜನವಿಲ್ಲವೆಂದು ಕಂಡಾಗ ಅದನ್ನು ಮರೆಮಾಚದೆ ಒಪ್ಪಿಕೊಂಡು, ಒಂದೊಂದಾಗಿ ಬಿಟ್ಟುಬಿಟ್ಟ. ಉಳಿದದ್ದು ಮುಖ್ಯವಾಗಿ ಬಿಸಿನೀರಿನ ಸ್ನಾನ. ಖಿನ್ನತೆಯಿಂದ ಕುಗ್ಗಿದವರಿಗೆ ಅದು ಹಿತ ಕೊಡುತ್ತಿತ್ತು. ಕೀರ್ತಿವಂತನಾದ ವೈದ್ಯನೊಬ್ಬ ತನ್ನ ಶಾಸ್ತ್ರದ ಮಿತಿಯನ್ನು ಹೀಗೆ ಒಪ್ಪಿಕೊಂಡದ್ದು ಸಣ್ಣ ಸಂಗತಿಯಲ್ಲ. ಅವನು ಪಕ್ಕಕ್ಕೆ ಸರಿದುದರಿಂದಲೇ ಜೆಪ್ಸನ್ನನ ದಿನನಿತ್ಯದ ಉಪಚಾರಕ್ಕೆ ಎಡೆ ದೊರೆಯಿತು.

ಉದ್ರೇಕಗೊಂಡು ರಾತ್ರಿಯೆಲ್ಲ ನಿದ್ರೆಯಿಲ್ಲದೆ ಕೂಗಾಡುವ ರೋಗಿಗೆ ಬೇರೆ ಕಡೆ ಅಫೀಮು ಕೊಡುತ್ತಿದ್ದರು. ಇಲ್ಲವೆ ಹುಚ್ಚು ಇಳಿಯಲೆಂದು ಉಪವಾಸ ಕೆಡವುತ್ತಿದ್ದರು. ಹೊಟ್ಟೆ ತುಂಬ ಉಂಡವನಿಗೆ ನಿದ್ದೆ ಬರುತ್ತದೆಂಬುದು ಲೋಕಾನುಭವ. ಅದನ್ನು ಹುಚ್ಚನಿಗೂ ಏಕೆ ಅನ್ವಯಿಸಬಾರದು ಎಂದು ರಿಟ್ರೀಟಿನವರು ಯೋಚಿಸಿದರು. ಮಾಂಸ, ರೊಟ್ಟಿ, ಮೇಲೆ ಪೋರ್ಟರ್ ಎಂಬ ಕಪ್ಪು ಬಿಯರು, ಇಷ್ಟನ್ನು ರಾತ್ರಿಯೂಟಕ್ಕೆ ಧಾರಾಳವಾಗಿ ಬಡಿಸಿದರು. ರೋಗಿಗಳು ಮಲಗಿದರು. ವೈದ್ಯಶಾಸ್ತ್ರದ ಇತಿಹಾಸದಲ್ಲಿ ಇದು ಎಷ್ಟರ ಮಟ್ಟಿನ ಸಂಶೋಧನೆಯೋ ನಾನು ಹೇಳಲಾರೆ. ಆದರೆ ಹುಚ್ಚನಿಗೂ ಹೊಟ್ಟೆಯಿದೆ ಎಂಬ ಅರಿವು ಆ ಕಾಲದಲ್ಲಿ ಸಂಶೋಧನೆಯೇ ಆಗಿತ್ತು.

ಹಗಲಿನಲ್ಲಿ ಎಲ್ಲರಿಗೂ ಏನಾದರೊಂದು ಕೆಲಸ. ಹೆಂಗಸರು ಹೊಲಿಗೆ, ಹೆಣಿಗೆ, ಮನೆಗೆಲಸಗಳಲ್ಲಿ ತೊಡಗುತ್ತಿದ್ದರು. ಗಂಡಸರು ತೋಟದಲ್ಲಿ, ಹೊಲದಲ್ಲಿ ದುಡಿಯುತ್ತಿದ್ದರು. ಓದಬಲ್ಲವರಿಗೆ ಪುಸ್ತಕಗಳಿದ್ದುವು, ಕಲ್ಪನೆಯನ್ನು ಕೆರಳಿಸುವಂಥವನ್ನು ಬಿಟ್ಟು ಗಣಿತ, ಪ್ರಕೃತಿವಿಜ್ಞಾನಗಳ ಕಡೆಗೆ ಒಲವು ಹೆಚ್ಚು. ಸಾಹಿತ್ಯದ ಮೇಷ್ಟರಾದ ನನಗೆ ಇದು ಅಷ್ಟು ರುಚಿಸುವ ಮಾತಲ್ಲ, ಆದರೂ ಹೇಳಬೇಕಾದ್ದೇ. ರೋಗಿಗಳು ಅಡ್ಡಾಡುವ ಅಂಗಳಗಳಲ್ಲಿ ಮೊಲ, ಕೋಳಿ, ಕಡಲಕ್ಕಿ, ಡೇಗೆಗಳನ್ನು ಸಾಕಿದ್ದರು. ಮನುಷ್ಯರೊಡನೆ ಒಂದು ಮಾತನ್ನೂ ಆಡದವರು ಈ ಪ್ರಾಣಿಗಳಿಗೆ ಕಾಳು ಹಾಕುತ್ತ, ಅವುಗಳನ್ನು ನೇವರಿಸುತ್ತ ನಿಲ್ಲುತ್ತಿದ್ದರು. ತನಗಿಂತ ದುರ್ಬಲವಾದ ಒಂದು ಜೀವ ತನ್ನನ್ನು ನೆಚ್ಚಿಕೊಂಡಿದೆ ಎಂಬ ಭಾವನೆ ಒಳಗೆ ಒಣಗಿದ್ದ ಒರತೆಯನ್ನು ಮತ್ತೆ ಕೆದಕುತ್ತದೆ ಎಂದು ಮನೆಯವರು ಕಂಡುಕೊಂಡಿದ್ದರು.

ಮಾತುಕತೆಯಲ್ಲಿಯೂ ಒಂದು ಕ್ರಮವಿತ್ತು. ತಾನು ಮಹಾಪಾಪಿಯೆಂದು ಕೊರಗುವವನೊಡನೆ ‘ನೀನು ಪಾಪಿಯಲ್ಲ’ ಎಂದು ವಾದಿಸಲು ಹೋಗುತ್ತಿರಲಿಲ್ಲ. ವಾದ ಮಾಡಿದಷ್ಟೂ ಭ್ರಮೆ ಬಲವಾಗಿ ಬೇರೂರುತ್ತದೆ. ಮಾತನ್ನು ಮೆಲ್ಲಗೆ ಬೇರೆ ಕಡೆಗೆ ತಿರುಗಿಸಿ, ತೋಟಕ್ಕೆ ಕರೆದುಕೊಂಡು ಹೋಗುತ್ತಿದ್ದರು. ಮಗುವಿನೊಡನೆ ಆಡುವಂತೆ ಮುದ್ದು ಮಾತಾಡುವುದನ್ನಾಗಲಿ, ಹೀಯಾಳಿಸಿ ನಗುವುದನ್ನಾಗಲಿ ಜೆಪ್ಸನ್ ಒಪ್ಪುತ್ತಿರಲಿಲ್ಲ. ರೋಗಿಯ ಸ್ಥಿತಿ ಎಷ್ಟಕ್ಕೆ ಎಡೆಗೊಡುತ್ತದೆಯೋ ಅಷ್ಟರ ಮಟ್ಟಿಗೆ ಅವನನ್ನು ವಿವೇಕಿಯೆಂದೇ ಭಾವಿಸಿ ಮಾತನಾಡಬೇಕು ಎಂಬುದು ಆ ಮನೆಯ ನಿಯಮ.

ಆ ಮನೆಯ ದಿನಚರಿಯಲ್ಲಿ ನನಗೆ ಬಹಳ ಅರ್ಥವತ್ತಾಗಿ ಕಾಣುವುದು ಚಹದ ಕೂಟ. ಮೇಲ್ವಿಚಾರಕಿ ಆಗಾಗ ಹೆಣ್ಣು ರೋಗಿಗಳನ್ನು ಚಹಕ್ಕೆ ಆಹ್ವಾನಿಸುತ್ತಿದ್ದಳು. ಊರಿನ ಗೃಹಿಣಿ ಅತಿಥಿಗಳನ್ನು ಕರೆಯುವ ರೀತಿಯಲ್ಲಿಯೇ ಕರೆಯುತ್ತಿದ್ದಳು. ಅವರು ಪೆಟ್ಟಿಗೆಯಿಂದ ಒಳ್ಳೆಯ ಉಡುಪು ತೆಗೆದು ಉಟ್ಟುಕೊಂಡು, ತಲೆ ಬಾಚಿಕೊಂಡು, ಒಬ್ಬರಿಗೊಬ್ಬರು ಸೌಜನ್ಯದಿಂದ ನಡೆದುಕೊಳ್ಳುತ್ತ ಕೂರುತ್ತಿದ್ದರು. ಪಿಂಗಾಣಿಯ ಬಟ್ಟಲು, ಸಕ್ಕರೆ, ಹಾಲು, ಒಂದಿಷ್ಟು ಕ್ಷೇಮಸಮಾಚಾರ. ಆ ಒಂದೆರಡು ಗಂಟೆ ಅಹಿತಕರವಾದ ಯಾವ ಪ್ರಸಂಗವೂ ಬಹುಮಟ್ಟಿಗೆ ನಡೆಯುತ್ತಿರಲಿಲ್ಲವಂತೆ. ಬೆಳಿಗ್ಗೆ ಕೂಗಾಡಿದವಳು ಸಂಜೆ ತನ್ನನ್ನು ತಾನು ಹಿಡಿದುಕೊಂಡು ಕೂರುತ್ತಿದ್ದಳು. ಬುದ್ಧಿ ಸ್ವಾಧೀನದಲ್ಲಿಲ್ಲ ಎನ್ನಿಸಿಕೊಂಡವರಲ್ಲಿ ಇಷ್ಟು ಸ್ವಾಧೀನ ಎಲ್ಲಿಂದ ಬಂತು? ಅದು ಉಳಿದೇ ಇತ್ತು, ಕೇಳುವವರು ಬೇಕಾಗಿತ್ತು ಎನ್ನುವುದು ರಿಟ್ರೀಟಿನ ಉತ್ತರ.

ಈ ವಿವರಗಳೆಲ್ಲ ನಮಗೆ ದೊರೆಯುವುದು ವಿಲಿಯಂ ಟ್ಯೂಕನ ಮೊಮ್ಮಗ ಸ್ಯಾಮ್ಯುಯೆಲ್ ಟ್ಯೂಕ್ 1813ರಲ್ಲಿ ಪ್ರಕಟಿಸಿದ ರಿಟ್ರೀಟಿನ ವರ್ಣನೆಯಿಂದ. ಅದರಲ್ಲಿ ಬರುವ ಒಂದು ಪ್ರಸಂಗ ಹೀಗಿದೆ. ಭೀಮಕಾಯನಾದ ಒಬ್ಬ ರೋಗಿಯನ್ನು ಸರಪಣಿ ಬಿಗಿದು ಕರೆತಂದರು. ಹಿಂದೆ ಅವನನ್ನು ಇರಿಸಿಕೊಂಡಿದ್ದವರು ಎಷ್ಟು ಹೆದರಿದ್ದರೆಂದರೆ ಸದಾ ಸಂಕೋಲೆಯಲ್ಲಿಯೇ ಇಟ್ಟಿದ್ದರು. ರಿಟ್ರೀಟಿನ ಬಾಗಿಲು ದಾಟುತ್ತಲೇ ಸರಪಣಿಯನ್ನು ಬಿಚ್ಚಿದರು. ಮೇಲ್ವಿಚಾರಕರು ಊಟಕ್ಕೆ ಕುಳಿತಿದ್ದ ಕೋಣೆಗೆ ಕರೆದುಕೊಂಡು ಹೋಗಿ ಅವರ ಜೊತೆಯಲ್ಲೇ ಕೂರಿಸಿದರು. ಊಟವಾದ ಮೇಲೆ ಜೆಪ್ಸನ್ ಅವನಿಗೆ ಅವನ ಕೋಣೆಯನ್ನು ತೋರಿಸಿ, ಇಲ್ಲಿ ಯಾರನ್ನೂ ಕಟ್ಟಿಹಾಕುವ ಇಚ್ಛೆ ನಮಗಿಲ್ಲ, ಕಟ್ಟಬೇಕೋ ಬೇಡವೋ ಎಂಬುದು ನಿಮ್ಮ ನಡವಳಿಕೆಯನ್ನು ಅವಲಂಬಿಸಿದೆ ಎಂದು ತಿಳಿಸಿದ. ಆ ದೊಡ್ಡ ಮನುಷ್ಯ ಕರಗಿಹೋದ. ತನ್ನನ್ನು ತಾನು ತಡೆದುಕೊಳ್ಳುವೆನೆಂದು ಮಾತು ಕೊಟ್ಟ. ಮುಂದೆಯೂ ಅವನಿಗೆ ಉದ್ರೇಕ ಬರುತ್ತಿತ್ತು; ಕೂಗುತ್ತಿದ್ದ, ಬೆದರಿಸುತ್ತಿದ್ದ. ಅಂಥ ಹೊತ್ತಿನಲ್ಲಿ ಜೆಪ್ಸನ್ ಅವನ ಕೋಣೆಗೆ ಹೋಗಿ ಹಾಸಿಗೆಯ ಪಕ್ಕದಲ್ಲಿ ಕುಳಿತು ಕೊಟ್ಟ ಮಾತನ್ನು ನೆನಪಿಸುತ್ತಿದ್ದ. ಸುಮಾರು ನಾಲ್ಕು ತಿಂಗಳಲ್ಲಿ ಆತ ಗುಣಹೊಂದಿ ಮನೆಗೆ ಹೋದ.

ಇನ್ನೊಮ್ಮೆ ಜೆಪ್ಸನ್ ರೋಗಿಯೊಬ್ಬನ ಜೊತೆಯಲ್ಲಿ ಹೊಲದಲ್ಲಿ ಒಬ್ಬನೇ ಅಡ್ಡಾಡುತ್ತಿದ್ದಾಗ ಆ ರೋಗಿ ಥಟ್ಟನೆ ದೊಡ್ಡದೊಂದು ಕಲ್ಲನ್ನೆತ್ತಿ ಎಸೆಯುವಂತೆ ನಿಂತ. ಜೆಪ್ಸನ್ ಓಡಲಿಲ್ಲ. ಅವನ ಕಣ್ಣನ್ನು ನೆಟ್ಟ ನೋಟದಿಂದ ನೋಡುತ್ತ, ದೃಢವಾದ ದನಿಯಲ್ಲಿ ಕಲ್ಲನ್ನು ಕೆಳಗಿಡು ಎಂದು ಹೇಳುತ್ತ ಮುಂದಕ್ಕೆ ಹೋದ. ರೋಗಿ ಕಲ್ಲನ್ನು ಕೈಬಿಟ್ಟು ಸುಮ್ಮನೆ ಅವನ ಜೊತೆಯಲ್ಲಿ ಮನೆಗೆ ನಡೆದ.

ಈ ಎರಡು ಪ್ರಸಂಗಗಳನ್ನು ಒಟ್ಟಿಗೆ ಓದಿದಾಗ ಮನಸ್ಸಿನಲ್ಲಿ ಒಂದು ಸಂಶಯವೂ ಮೂಡದಿರದು. ಇದು ದಯೆಯೆ, ಇಲ್ಲವೆ ದಯೆಯ ವೇಷದ ಅಧಿಕಾರವೆ? ಕಟ್ಟುವುದಿಲ್ಲ, ಆದರೆ ನೀನು ಕೆಟ್ಟದಾಗಿ ನಡೆದರೆ ಕಟ್ಟುತ್ತೇವೆ ಎನ್ನುವ ಮಾತಿನಲ್ಲಿ ಬೆದರಿಕೆಯ ಎಳೆಯಿಲ್ಲವೆ? ರಿಟ್ರೀಟಿನಲ್ಲಿ ಕಬ್ಬಿಣದ ಸರಪಣಿ ಇರಲಿಲ್ಲವೆಂಬುದು ದಿಟ. ಆದರೆ ಚರ್ಮದ ಪಟ್ಟಿಯಿತ್ತು, ಬಿಗಿಯಂಗಿಯಿತ್ತು, ಕತ್ತಲೆಯ ಏಕಾಂತ ಕೋಣೆಯಿತ್ತು. ಇವುಗಳ ಬಳಕೆ ಅಪರೂಪವೆಂದೂ ಅನಿವಾರ್ಯವಾದಾಗ ಮಾತ್ರವೆಂದೂ ಸ್ಯಾಮ್ಯುಯೆಲ್ ಟ್ಯೂಕನೇ ಮುಚ್ಚುಮರೆಯಿಲ್ಲದೆ ಬರೆದಿದ್ದಾನೆ. 1961ರಲ್ಲಿ ಫ್ರಾನ್ಸಿನ ಚಿಂತಕ ಮಿಷೆಲ್ ಫೂಕೊ ಹುಚ್ಚಿನ ಇತಿಹಾಸವನ್ನು ಬರೆದಾಗ ರಿಟ್ರೀಟಿನ ಈ ಕೀರ್ತಿಯನ್ನು ಬಲವಾಗಿ ಪ್ರಶ್ನಿಸಿದ. ಮೈಮೇಲಿನ ಸಂಕೋಲೆಯನ್ನು ತೆಗೆದು ಅದನ್ನು ಮನಸ್ಸಿನೊಳಕ್ಕೆ ಹಾಕಿದರು, ಹುಚ್ಚನನ್ನು ತನಗೆ ತಾನೇ ಕಾವಲುಗಾರನನ್ನಾಗಿ ಮಾಡಿದರು ಎಂಬುದು ಅವನ ವಾದದ ತಿರುಳು. ಚಹದ ಕೂಟದಲ್ಲಿ ಅವನಿಗೆ ಕಂಡದ್ದು ಆತಿಥ್ಯವಲ್ಲ, ಪರೀಕ್ಷೆ. ಮರದಂತೆ ಕಾಣುವ ಕಬ್ಬಿಣದ ಕಿಟಕಿಯ ಬಗ್ಗೆ ಮುಂದೆ ಹೇಳುತ್ತೇನೆಂದೆನಲ್ಲ, ಅದು ಇದೇ. ಆ ಕಿಟಕಿಯನ್ನು ಕರುಣೆಯೆಂದೂ ಓದಬಹುದು, ಕಪಟವೆಂದೂ ಓದಬಹುದು.

ರೋಗಿಗಳ ಪಕ್ಷದಿಂದಲೂ ಇಂಥದೇ ದೂರು ಬಂದದ್ದುಂಟು. ಇಂಗ್ಲೆಂಡಿನ ಪ್ರಧಾನಿಯಾಗಿದ್ದು ಕೊಲೆಯಾದ ಸ್ಪೆನ್ಸರ್ ಪರ್ಸಿವಲನ ಮಗ ಜಾನ್ ಪರ್ಸಿವಲ್‌ಗೆ 1830ರ ಸುಮಾರಿನಲ್ಲಿ ಬುದ್ಧಿಭ್ರಮಣೆಯಾಯಿತು. ಆತನನ್ನು ಸೇರಿಸಿದ್ದು ರಿಟ್ರೀಟಿಗಲ್ಲ, ಶ್ರೀಮಂತರಿಗಾಗಿಯೇ ಇದ್ದ ಹೆಸರಾಂತ ಖಾಸಗಿ ಚಿಕಿತ್ಸಾಲಯಗಳಿಗೆ. ಗುಣವಾಗಿ ಹೊರಬಂದ ಮೇಲೆ ಆತ 1838 ಮತ್ತು 1840ರಲ್ಲಿ ತನ್ನ ಅನುಭವವನ್ನು ಎರಡು ಗ್ರಂಥಗಳಾಗಿ ಬರೆದ. ತನ್ನನ್ನು ಇಚ್ಛೆಯೂ ವಿವೇಚನೆಯೂ ಇಲ್ಲದ ಮನೆಯ ಸಾಮಾನಿನಂತೆ ನಡೆಸಿಕೊಂಡರು, ನಿನಗೇನು ಬೇಕೆಂದು ಒಬ್ಬರೂ ಕೇಳಲಿಲ್ಲ ಎಂಬುದು ಆತನ ಸಂಕಟ. ಮುಂದೆ ಅದೇ ಪರ್ಸಿವಲ್, ಹುಚ್ಚರೆಂದು ಕೂಡಿಹಾಕಲ್ಪಟ್ಟವರ ಪರವಾಗಿ ಹೋರಾಡುವ ಸಂಘವೊಂದನ್ನು ಸಂಗಡಿಗರೊಡನೆ ಕಟ್ಟಿದ. ಈ ದನಿಯನ್ನು ಕೇಳದೆ ಚಿಕಿತ್ಸಾಲಯಗಳ ಇತಿಹಾಸವನ್ನು ಬರೆದರೆ ಅದು ಯಜಮಾನರ ದಿನಚರಿ ಮಾತ್ರವಾದೀತು.

ಹಾಗಾದರೆ ಫೂಕೊ ಹೇಳಿದ್ದೇ ಕೊನೆಯ ಮಾತೆ? ನನಗೆ ಹಾಗೆ ತೋರುವುದಿಲ್ಲ. ಅವನು ಕಂಡದ್ದು ಸುಳ್ಳಲ್ಲ. ಆದರೆ ನಾಗರಿಕ ಜೀವನವೆಂಬುದೇ ನಮ್ಮನ್ನು ನಾವು ತಡೆದುಕೊಳ್ಳುವ ಒಂದು ಅಭ್ಯಾಸವಲ್ಲವೆ? ಅತಿಥಿಗಳ ಮುಂದೆ ಕೋಪ ನುಂಗುವುದು, ಮಕ್ಕಳ ಮುಂದೆ ದುಃಖ ನುಂಗುವುದು, ಇವು ಬುದ್ಧಿವಂತರೂ ದಿನವೂ ಹೊರುವ ಹೊರೆಗಳೇ. ಆ ಹೊರೆಯನ್ನು ಹೊರಲು ನಿನಗೂ ಶಕ್ತಿಯಿದೆ ಎಂದು ಒಬ್ಬನಿಗೆ ಹೇಳುವುದು ಅವನನ್ನು ಮನುಷ್ಯರ ಪಂಕ್ತಿಯಲ್ಲಿ ಕೂರಿಸಿದಂತೆ. ಅದಲ್ಲದೆ ಆಗ ರಿಟ್ರೀಟಿಗೆ ಎದುರಾಗಿದ್ದ ಬದಲಿ ಮಾರ್ಗ ಸ್ವಾತಂತ್ರ್ಯವಾಗಿರಲಿಲ್ಲ. ಅದೇ ಊರಿನ ಇನ್ನೊಂದು ಆಸ್ಪತ್ರೆಯಾಗಿತ್ತು.

ಆ ಆಸ್ಪತ್ರೆಯ ಗತಿ ಏನಾಯಿತೆಂಬುದನ್ನೂ ಹೇಳಬೇಕು. ಸ್ಯಾಮ್ಯುಯೆಲ್ ಟ್ಯೂಕನ ಪುಸ್ತಕದಲ್ಲಿ ಅದರ ಹೆಸರೆತ್ತಿ ಬೈದಿರಲಿಲ್ಲ. ಆದರೂ ಅಲ್ಲಿನ ವೈದ್ಯನಿಗೆ ಅದು ಚುಚ್ಚಿತು. ಸುಳ್ಳು ಹೆಸರಿನಲ್ಲಿ ಪತ್ರಿಕೆಗೆ ಬರೆದು ರಿಟ್ರೀಟನ್ನು ಖಂಡಿಸಿದ. ವಿವಾದ ಬೀದಿಗೆ ಬಂತು. ಗಾಡ್‌ಫ್ರೆ ಹಿಗಿನ್ಸ್ ಎಂಬ ನ್ಯಾಯಾಧಿಕಾರಿ, ಅಲ್ಲಿಂದ ಹೊರಬಂದ ಬಡ ರೋಗಿಯೊಬ್ಬನ ಮೈಮೇಲಿನ ದುರವಸ್ಥೆಯನ್ನು ಹಿಡಿದುಕೊಂಡು ವಿಚಾರಣೆಗೆ ನಿಂತ. 1813ರ ಡಿಸೆಂಬರಿನಲ್ಲಿ ಆ ಆಸ್ಪತ್ರೆಗೆ ಬೆಂಕಿ ಬಿದ್ದು ನಾಲ್ವರು ರೋಗಿಗಳು ಸತ್ತರು. ಮರು ವರ್ಷ ಹಿಗಿನ್ಸ್ ಹಠಾತ್ತನೆ ಒಳನುಗ್ಗಿ ಒಂದೊಂದು ಬಾಗಿಲನ್ನೂ ತೆರೆಸಿದ. ಒಂದು ಬಾಗಿಲ ಬೀಗದ ಕೈ ಸಿಗುವುದಿಲ್ಲವೆಂದರು. ಅಡಿಗೆಮನೆಯ ಒಲೆಯ ಬಳಿ ಬೆಂಕಿ ಕೆದಕುವ ಕಬ್ಬಿಣದ ಸಲಾಕೆಯಿದೆ, ಅದನ್ನೇ ಬೀಗದ ಕೈ ಮಾಡಿಕೊಳ್ಳುತ್ತೇನೆ ಎಂದ. ಕೂಡಲೇ ಬೀಗದ ಕೈ ಸಿಕ್ಕಿತು! ಒಳಗಿದ್ದುವು ಯಾರಿಗೂ ತೋರಿಸದ ಕತ್ತಲೆಯ ಗೂಡುಗಳು. ಹುಲ್ಲು, ಮಲ, ದುರ್ವಾಸನೆ; ಅವುಗಳಲ್ಲಿ ಹೆಂಗಸರನ್ನು ರಾತ್ರಿ ಕೂಡಿಹಾಕುತ್ತಿದ್ದರು. ಸತ್ತವರ ಲೆಕ್ಕವನ್ನೂ ಕಡಮೆ ಮಾಡಿ ಬರೆದಿದ್ದರು. ಹ್ಯಾನಾ ಮಿಲ್ಸಳನ್ನು ನೋಡಲು ಬಂದವರನ್ನು ಬಾಗಿಲಲ್ಲಿ ತಡೆದು 24 ವರ್ಷವಾದ ಮೇಲೆ ಅದೇ ಬಾಗಿಲು ಹೀಗೆ ತೆರೆಯಿತು. 1815ರಲ್ಲಿ ಪಾರ್ಲಿಮೆಂಟಿನ ಸಮಿತಿ ಇಡೀ ದೇಶದ ಹುಚ್ಚಾಸ್ಪತ್ರೆಗಳ ವಿಚಾರಣೆ ನಡೆಸಿದಾಗ 83 ವರ್ಷದ ವಿಲಿಯಂ ಟ್ಯೂಕ್ ಅದರ ಮುಂದೆ ಹಾಜರಾಗಿ ಸಾಕ್ಷ್ಯ ನುಡಿದ.

ರಿಟ್ರೀಟಿನ ಮಾದರಿ ದೂರ ದೂರಕ್ಕೆ ಹರಡಿತು. ಅಮೆರಿಕದ ಫಿಲಡೆಲ್ಫಿಯ ಬಳಿ ಅಲ್ಲಿನ ಕ್ವೇಕರರು 1817ರಲ್ಲಿ ಇಂಥದೇ ಮನೆಯನ್ನು ತೆರೆದರು. ಲಂಡನ್ನಿನ ಹತ್ತಿರದ ಹ್ಯಾನ್‌ವೆಲ್ ಎಂಬ ದೊಡ್ಡ ಆಸ್ಪತ್ರೆಯಲ್ಲಿ ಜಾನ್ ಕಾನೊಲಿ 1839ರಲ್ಲಿ ಕಟ್ಟುವ ಸಾಧನಗಳನ್ನೆಲ್ಲ ನಿಲ್ಲಿಸಿದ. ಆದರೆ ಆ ಶತಮಾನ ಮುಂದುವರಿದಂತೆ ಸರ್ಕಾರಗಳು ನೂರಲ್ಲ, ಸಾವಿರ ಮಂದಿಗೆಂದು ಆಸ್ಪತ್ರೆಗಳನ್ನು ಕಟ್ಟಿದುವು. 1851ರಲ್ಲಿ ತೆರೆದ ಕೋಲ್ನಿ ಹ್ಯಾಚ್ ಆಸ್ಪತ್ರೆಯನ್ನು ಆರಂಭದಲ್ಲಿಯೇ ಸಾವಿರಕ್ಕೂ ಹೆಚ್ಚು ರೋಗಿಗಳಿಗೆಂದು ಕಟ್ಟಿದ್ದರು. ಸಾವಿರ ಮಂದಿಯ ಹಾಸಿಗೆಯ ಪಕ್ಕದಲ್ಲಿ ಯಾವ ಜೆಪ್ಸನ್ ಕುಳಿತಾನು? ತೋಟ ಉಳಿಯಿತು, ಕೆಲಸ ಉಳಿಯಿತು; ಹೆಸರು ಹಿಡಿದು ಕರೆಯುವವರು ಉಳಿಯಲಿಲ್ಲ. ಮೂವತ್ತು ಜನರ ಮನೆಯಲ್ಲಿ ಚಿಕಿತ್ಸೆಯಾಗಿದ್ದ ದಿನಚರಿ ಸಾವಿರ ಜನರ ಕಟ್ಟಡದಲ್ಲಿ ಬರಿಯ ಶಿಸ್ತಾಯಿತು.

ನಮ್ಮ ದೇಶಕ್ಕೆ ಹುಚ್ಚಾಸ್ಪತ್ರೆ ಬಂದದ್ದು ಬ್ರಿಟಿಷರ ಆಳ್ವಿಕೆಯ ಜೊತೆಯಲ್ಲಿ. ಬೆಂಗಳೂರಿನ ಹಳೆಯ ಆಸ್ಪತ್ರೆಗೆ 1925ರಲ್ಲಿ ಮೈಸೂರು ಸರ್ಕಾರ ಮಾನಸಿಕ ಆಸ್ಪತ್ರೆ ಎಂಬ ಹೊಸ ಹೆಸರಿಟ್ಟಿತು. 1954ರಲ್ಲಿ ಡಾ. ಎಂ. ವಿ. ಗೋವಿಂದಸ್ವಾಮಿಯವರ ನೇತೃತ್ವದಲ್ಲಿ ಅದರ ಜೊತೆಗೆ ಅಖಿಲ ಭಾರತ ಮಟ್ಟದ ಶಿಕ್ಷಣ ಸಂಸ್ಥೆ ಆರಂಭವಾಯಿತು. ಎರಡೂ ಕೂಡಿ 1974ರಲ್ಲಿ ನಿಮ್ಹಾನ್ಸ್ ಆಯಿತು. ಇದಕ್ಕಿಂತ ನಮ್ಮದೇ ಎನ್ನಬಹುದಾದ ಒಂದು ಸಂಗತಿ ಅಮೃತಸರದಲ್ಲಿ ನಡೆಯಿತು. ಅಲ್ಲಿನ ಆಸ್ಪತ್ರೆಯ ಡಾ. ವಿದ್ಯಾಸಾಗರ್ 1950ರ ದಶಕದಲ್ಲಿ ರೋಗಿಗಳ ತಂದೆ ತಾಯಿ, ಗಂಡ ಹೆಂಡತಿಯರನ್ನೇ ಕರೆಸಿ, ಆವರಣದಲ್ಲಿ ಡೇರೆ ಹಾಕಿಸಿ, ರೋಗಿಯ ಜೊತೆಯಲ್ಲಿ ಇರಿಸಿದರು. ಟ್ಯೂಕ್ ರೋಗಿಯನ್ನು ಮನೆಯಿಂದ ಹೊರತಂದು ಅವನಿಗಾಗಿ ಇನ್ನೊಂದು ಮನೆಯನ್ನು ಕಟ್ಟಿದ. ವಿದ್ಯಾಸಾಗರರು ರೋಗಿಯ ಮನೆಯನ್ನೇ ಆಸ್ಪತ್ರೆಗೆ ತಂದರು. ತಾಯಿ ಕೈಯಾರೆ ತುತ್ತು ಕೊಡುತ್ತಾಳೆ. ಕಾಯಿಲೆ ಇಳಿಯುವುದನ್ನು ಕಣ್ಣಾರೆ ಕಂಡು, ಮಗನನ್ನು ಕರೆದುಕೊಂಡು ಊರಿಗೆ ಹೋಗುತ್ತಾಳೆ. ಆಸ್ಪತ್ರೆಯಲ್ಲಿ ಬಿಟ್ಟು ಮರೆಯುವ ಪ್ರಸಂಗ ಇದರಿಂದ ಕಡಮೆಯಾಯಿತು. ಮುಂದೆ ವೆಲ್ಲೂರು, ಬೆಂಗಳೂರುಗಳಲ್ಲಿಯೂ ಸಂಸಾರವನ್ನು ರೋಗಿಯ ಜೊತೆಯಲ್ಲಿ ಇರಗೊಡುವ ವ್ಯವಸ್ಥೆ ಬಂತು.

ಇಷ್ಟಾದರೂ ನಮಗೆ ಹೆಮ್ಮೆಪಡುವ ಹಕ್ಕು ಪೂರ್ತಿಯಾಗಿ ಬಂದಿಲ್ಲ. 2001ರ ಆಗಸ್ಟ್ 6ರಂದು ತಮಿಳುನಾಡಿನ ಎರವಾಡಿಯಲ್ಲಿ, ದರ್ಗಾದ ಊರಿನ ಒಂದು ಖಾಸಗಿ ಆಶ್ರಯದಲ್ಲಿ ಬೆಳಗಿನ ಜಾವ ಬೆಂಕಿ ಹೊತ್ತಿತು. ಅಲ್ಲಿದ್ದ ಮನೋರೋಗಿಗಳಲ್ಲಿ ಬಹುಮಂದಿಯನ್ನು ಸರಪಣಿಯಿಂದ ಬಿಗಿದಿದ್ದರು. 28 ಮಂದಿ ಸತ್ತರು. ಓಡಲು ಕಾಲಿದ್ದೂ ಓಡಲಾರದೆ ಸತ್ತರು. ಯಾರ್ಕಿನ ಬೆಂಕಿಗೂ ಎರವಾಡಿಯ ಬೆಂಕಿಗೂ ನಡುವೆ 188 ವರ್ಷಗಳ ಅಂತರವಿದೆ. ಮನೋರೋಗಿಯನ್ನು ಯಾವ ರೀತಿಯಲ್ಲಿಯೂ ಸರಪಣಿಯಿಂದ ಕಟ್ಟಕೂಡದೆಂದು ನಮ್ಮ ಶಾಸನ ಸ್ಪಷ್ಟವಾಗಿ ಹೇಳಿದ್ದು 2017ರಲ್ಲಿ. ಶಾಸನ ಮಾಡುವುದು ಒಂದು, ಹಳ್ಳಿಯ ಹಿತ್ತಲಿನ ಕೋಣೆಯಲ್ಲಿ ಅದು ಜಾರಿಗೆ ಬರುವುದು ಇನ್ನೊಂದು.

ಯಾರ್ಕಿನ ರಿಟ್ರೀಟಿನಲ್ಲಿ ಒಳರೋಗಿಗಳನ್ನು ಇರಿಸಿಕೊಳ್ಳುವುದು 2018ರ ಕೊನೆಯಲ್ಲಿ ನಿಂತಿತು. 222 ವರ್ಷ ನಡೆದ ಮನೆ. ಈಗ ಮನೋರೋಗಗಳಿಗೆ ಔಷಧಿಗಳಿವೆ. ಜೆಪ್ಸನ್ನನಿಗೆ ಕೈಚೆಲ್ಲಬೇಕಾಗಿ ಬಂದ ಎಷ್ಟೋ ರೋಗಿಗಳನ್ನು ಇಂದಿನ ವೈದ್ಯರು ಕೆಲವು ವಾರಗಳಲ್ಲಿ ಮನೆಗೆ ಕಳುಹಿಸಬಲ್ಲರು. ಹಿಂದಿನದೇ ಚೆನ್ನಾಗಿತ್ತೆಂದು ಹೇಳುವುದು ನನ್ನ ಉದ್ದೇಶವಲ್ಲ. ಆದರೆ ಗುಳಿಗೆಯನ್ನು ಕೊಡುವುದು ಒಂದು ಕೈ. ಆ ಕೈ ರೋಗಿಯೊಡನೆ ಹೇಗೆ ನಡೆದುಕೊಳ್ಳುತ್ತದೆಂಬ ಪ್ರಶ್ನೆಯನ್ನು ಗುಳಿಗೆ ಬಗೆಹರಿಸುವುದಿಲ್ಲ. ನಮ್ಮ ಬಂಧುಗಳಲ್ಲಿ, ನೆರೆಯವರಲ್ಲಿ ಯಾರಿಗಾದರೂ ಇಂಥ ಕಾಯಿಲೆ ಬಂದಾಗ ಮೊದಲು ನಿಲ್ಲುವುದು ಅವರನ್ನು ಮದುವೆ ಮುಂಜಿಗಳಿಗೆ ಕರೆಯುವುದು, ಪಂಕ್ತಿಯಲ್ಲಿ ಎಲೆ ಹಾಕುವುದು, ಒಂದು ವಿಷಯದಲ್ಲಿ ಅವರ ಅಭಿಪ್ರಾಯ ಕೇಳುವುದು. ಯಾರ್ಕಿನ ಆ ಚಹ ವರ್ತಕ ಮತ್ತೆ ಆರಂಭಿಸಿದ್ದು ಇವನ್ನೇ. ಇದಕ್ಕೆ ಆಸ್ಪತ್ರೆ ಬೇಕಾಗಿಲ್ಲ, ವೈದ್ಯ ವಿದ್ಯೆಯೂ ಬೇಕಾಗಿಲ್ಲ. ನಾವು ನಮ್ಮ ನಮ್ಮ ಮನೆಗಳಲ್ಲಿಯೇ ಮಾಡಬಹುದು.

(ಬಾನುಲಿ ಭಾಷಣ)